ಬೇರೆಯವರ ಕಥೆಗಳ ನಿರ್ದೇಶಕ

ಧಾರವಾಡದಲ್ಲಿ ಗಿರೀಶ ಕಾರ್ನಾಡರ ಹೆಸರು ತೆಗೆದರೆ ಮಾತು ನೇರ ನಾಟಕಕ್ಕೆ ಹೋಗುತ್ತದೆ. ‘ಯಯಾತಿ’, ‘ತುಘಲಕ್’, ‘ಹಯವದನ’, ‘ನಾಗಮಂಡಲ’, ‘ತಲೆದಂಡ’. ಆಮೇಲೆ ಸುಭಾಸ ರಸ್ತೆಯ ಮನೋಹರ ಗ್ರಂಥಮಾಲೆಯ ಅಟ್ಟ, ಅಲ್ಲಿ ಕೂತಿರುತ್ತಿದ್ದ ಜಿ.ಬಿ. ಜೋಶಿ, ಕೀರ್ತಿನಾಥ ಕುರ್ತಕೋಟಿ, 1961ರಲ್ಲಿ ಅಲ್ಲಿಂದಲೇ ಹೊರಬಂದ ‘ಯಯಾತಿ’. ಈ ಕಥೆ ಊರಿಗೆ ಬಾಯಿಪಾಠ. ಸಿನಿಮಾದ ಮಾತು ಬಂದರೆ ಎಲ್ಲರಿಗೂ ನೆನಪಾಗುವುದು ನಟ. ‘ಸಂಸ್ಕಾರ’ದ ಪ್ರಾಣೇಶಾಚಾರ್ಯ, ಇಲ್ಲವೇ ‘ಮಾಲ್ಗುಡಿ ಡೇಸ್’ನಲ್ಲಿ ಸ್ವಾಮಿಯ ಅಪ್ಪ. ನಾಟಕಕಾರ ಮತ್ತು ನಟ ಇವರಿಬ್ಬರ ನಡುವೆ ನಿರ್ದೇಶಕ ಕಾರ್ನಾಡ ಎಲ್ಲೋ ಕಳೆದುಹೋಗುತ್ತಾರೆ. ನಾನು ಪಿಎಚ್‌ಡಿಗೆ ಆರಿಸಿಕೊಂಡಿರುವುದು ಆ ಕಳೆದುಹೋದ ನಿರ್ದೇಶಕನನ್ನು.

ಮೊದಲು ಆ ವೃತ್ತಿಜೀವನದ ಲೆಕ್ಕ ಒಮ್ಮೆ ಒಟ್ಟಿಗೆ ನೋಡಿಬಿಡೋಣ. 1971ರಲ್ಲಿ ಬಿ.ವಿ. ಕಾರಂತರ ಜೊತೆ ‘ವಂಶವೃಕ್ಷ’. 1972ರಲ್ಲಿ ಬೇಂದ್ರೆಯವರ ಮೇಲೆ ಸಾಕ್ಷ್ಯಚಿತ್ರ. 1973ರಲ್ಲಿ ‘ಕಾಡು’. 1974-75ರಲ್ಲಿ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನ ನಿರ್ದೇಶಕ ಹುದ್ದೆ. 1977ರಲ್ಲಿ ಮತ್ತೆ ಕಾರಂತರ ಜೊತೆ ‘ತಬ್ಬಲಿಯು ನೀನಾದೆ ಮಗನೆ’, ಅದರ ಹಿಂದಿ ರೂಪ ‘ಗೋಧೂಳಿ’. 1978ರಲ್ಲಿ ‘ಒಂದಾನೊಂದು ಕಾಲದಲ್ಲಿ’. 1984ರಲ್ಲಿ ಹಿಂದಿಯ ‘ಉತ್ಸವ್’, ಅದೇ ವರ್ಷ ‘ವೋ ಘರ್’. 1988ರಲ್ಲಿ ‘ಕನಕ ಪುರಂದರ’, ಮರುವರ್ಷ ಸೂಫಿ ಮತ್ತು ಭಕ್ತಿ ಪರಂಪರೆಯ ಮೇಲೆ ‘ದಿ ಲ್ಯಾಂಪ್ ಇನ್ ದಿ ನಿಶ್’. 1992ರಲ್ಲಿ ‘ಚೆಲುವಿ’. 1999ರಲ್ಲಿ ‘ಕಾನೂರು ಹೆಗ್ಗಡಿತಿ’. ಅದಾದ ಮೇಲೆ ದೂರದರ್ಶನಕ್ಕಾಗಿ ‘ಚಿದಂಬರ ರಹಸ್ಯ’. ನಡುನಡುವೆ ‘ಟರ್ನಿಂಗ್ ಪಾಯಿಂಟ್’ ಎಂಬ ವಿಜ್ಞಾನ ಕಾರ್ಯಕ್ರಮದಲ್ಲಿ ವಾರವಾರ ದೇಶದ ಮನೆಗಳಿಗೆ ಬಂದು ಮಾತಾಡಿದ್ದೂ ಉಂಟು. ಬೇರೆ ಯಾರದಾದರೂ ಆಗಿದ್ದರೆ ಇಷ್ಟೇ ಒಂದು ಪೂರ್ಣ ಜೀವನ. ಕಾರ್ನಾಡರ ವಿಷಯದಲ್ಲಿ ಇದು ಅಡಿಟಿಪ್ಪಣಿ.

ಈ ಪಟ್ಟಿಯನ್ನು ಮೂರು ವರ್ಷ ಗೋಡೆಗೆ ಅಂಟಿಸಿಕೊಂಡು ನೋಡುತ್ತಿದ್ದ ಮೇಲೆ ನನಗೆ ಒಂದು ವಿಷಯ ಕಣ್ಣಿಗೆ ಬಿತ್ತು. ಇದರಲ್ಲಿ ಅವರ ಒಂದು ನಾಟಕವೂ ಇಲ್ಲ. ‘ವಂಶವೃಕ್ಷ’, ‘ತಬ್ಬಲಿ’ ಎಸ್.ಎಲ್. ಭೈರಪ್ಪನವರವು. ‘ಕಾಡು’ ಶ್ರೀಕೃಷ್ಣ ಆಲನಹಳ್ಳಿಯವರದು. ‘ಉತ್ಸವ್’ ಶೂದ್ರಕ ಮತ್ತು ಭಾಸರದು. ‘ವೋ ಘರ್’ ಕುರ್ತಕೋಟಿಯವರ ‘ಆ ಮನಿ’ ನಾಟಕದಿಂದ ಬಂದದ್ದು. ‘ಚೆಲುವಿ’ ಜನಪದ ಕಥೆ. ‘ಕಾನೂರು’ ಕುವೆಂಪು, ‘ಚಿದಂಬರ ರಹಸ್ಯ’ ತೇಜಸ್ವಿ. ‘ಒಂದಾನೊಂದು ಕಾಲದಲ್ಲಿ’ ಒಂದು ಸಿನಿಮಾಕ್ಕೆಂದೇ ಬರೆದದ್ದು. ಅದರ ಬೆನ್ನಿಗೂ ಕುರೊಸಾವಾರ ಸಮುರಾಯ್ ಚಿತ್ರಗಳಿವೆ. ಅವರ ನಾಟಕಗಳು ಸಿನಿಮಾ ಆಗದೇ ಇಲ್ಲ. ‘ನಾಗಮಂಡಲ’ವನ್ನು 1997ರಲ್ಲಿ ಟಿ.ಎಸ್. ನಾಗಾಭರಣ ಮಾಡಿದರು. ‘ಅಗ್ನಿ ಮತ್ತು ಮಳೆ’ 2002ರಲ್ಲಿ ಅರ್ಜುನ್ ಸಜನಾನಿಯವರ ಕೈಯಲ್ಲಿ ‘ಅಗ್ನಿವರ್ಷ’ವಾಯಿತು. ತನ್ನದನ್ನು ಬೇರೆಯವರಿಗೆ ಬಿಟ್ಟುಕೊಟ್ಟು, ತಾನು ಮಾತ್ರ ಜೀವಮಾನವಿಡೀ ಬೇರೆಯವರ ಕಥೆ ಹಿಡಿದು ಕ್ಯಾಮೆರಾದ ಹಿಂದೆ ನಿಂತ ಮನುಷ್ಯ.

ಇದನ್ನು ಮನೆಯಲ್ಲಿ ಹೇಳಿದಾಗ ಸೋದರಮಾವ ಕೇಳಿದ ಪ್ರಶ್ನೆ ನನ್ನನ್ನು ಬಹಳ ದಿನ ಬಿಡಲಿಲ್ಲ. ನಮ್ಮದು ಹೆಬ್ಬಳ್ಳಿ. ಧಾರವಾಡಕ್ಕೆ ಬಸ್ಸಿನಲ್ಲಿ ಹೋಗಿಬಂದು ಓದಿದವಳು ನಾನು. ನಮ್ಮೂರಿನ ಹೆಸರು ಹೊತ್ತ ಒಂದು ಅಗಸಿ ಧಾರವಾಡದಲ್ಲಿದೆ, ಆದರೆ ಸಿನಿಮಾದ ಮೇಲೆ ಪಿಎಚ್‌ಡಿ ಅನ್ನುವುದು ಆ ಅಗಸಿ ದಾಟಿ ಊರಿನೊಳಗೆ ಇನ್ನೂ ಸರಿಯಾಗಿ ಬಂದಿಲ್ಲ. ಮಾವ ಹೊಲದ ಲೆಕ್ಕ ಇಟ್ಟುಕೊಳ್ಳುವಷ್ಟೇ ಶಿಸ್ತಿನಿಂದ ನನ್ನ ಲೆಕ್ಕವನ್ನೂ ಹಾಕಿದರು. “ಅಲ್ಲ ತಂಗಿ, ಬ್ಯಾರೆ ಮಂದಿ ಬರದದ್ದನ್ನ ಅವರು ಸಿನಿಮಾ ತಗದ್ರು. ಅವರು ತಗದದ್ದನ್ನ ನೀ ಬರ್ಯಾಕತ್ತಿ. ಇದರಾಗ ನಿಂದಂತ ಏನೈತಿ?”

ಮಾವ ಚೇಷ್ಟೆಗೆ ಕೇಳಲಿಲ್ಲ. ವಯಸ್ಸು ಇಪ್ಪತ್ತೆಂಟು, ಫೆಲೋಶಿಪ್ಪು ಮುಗಿಯುತ್ತ ಬಂದಿದೆ, ಮುಂದಿನ ದಾರಿ ಗೊತ್ತಿಲ್ಲ. ಹೊಲ, ಅಂಗಡಿ, ಸರ್ಕಾರಿ ನೌಕರಿ, ಇವುಗಳಲ್ಲಿ ತನ್ನದು ಯಾವುದು ಎಂದು ಬೆರಳು ಮಾಡಿ ತೋರಿಸಬಹುದು. ಸಾಹಿತ್ಯ ಓದುವ ನಮ್ಮಂಥವರ ಕೈಯಲ್ಲಿ ತೋರಿಸಲು ಏನಿದೆ? ಸೆಮಿನಾರುಗಳಲ್ಲೂ ಇದೇ ಪ್ರಶ್ನೆ ಬೇರೆ ಭಾಷೆಯಲ್ಲಿ ಬರುತ್ತದೆ. ‘ಮೂಲ ಕೊಡುಗೆ ಏನು?’ ಕಾರ್ನಾಡರ ಸಿನಿಮಾಗಳ ಬಗ್ಗೆ ಕೆಲವು ಹಿರಿಯರು ಹಗುರಾಗಿ ಮಾತಾಡುವುದರ ಹಿಂದೆಯೂ ಇದೇ ಇದೆ ಅನಿಸುತ್ತದೆ. ನಾಟಕ ಅವರ ಸ್ವಂತದ್ದು, ಸಿನಿಮಾ ಎರವಲು ಎಂಬ ಭಾವ.

ಹಾಗಾಗಿ ಸಿನಿಮಾಗಳನ್ನು ಮತ್ತೊಮ್ಮೆ ನೋಡಲು ಕೂತೆ. ಈ ಸಲ ಪಕ್ಕದಲ್ಲಿ ಮೂಲ ಪುಸ್ತಕ ಇಟ್ಟುಕೊಂಡು.

‘ವಂಶವೃಕ್ಷ’ ಕಾದಂಬರಿ ಬಂದದ್ದು 1965ರಲ್ಲಿ. ಧರ್ಮ, ವಂಶ, ಕರ್ತವ್ಯಗಳ ಮೇಲೆ ಪುಟಗಟ್ಟಲೆ ವಾದ ನಡೆಯುವ ಪುಸ್ತಕ. ವಾದವನ್ನು ಕ್ಯಾಮೆರಾ ತೋರಿಸಲಾರದು, ವಾದ ಕೇಳುತ್ತಿರುವವರ ಮುಖ ತೋರಿಸಬಹುದು. ಕಾರ್ನಾಡ ಮತ್ತು ಕಾರಂತರು ಮಾಡಿದ್ದು ಅದನ್ನೇ. ಎಲ್.ವಿ. ಶಾರದಾ ಅವರ ಕಾತ್ಯಾಯಿನಿ ಮಾತು ಕಡಿಮೆ ಆಡಿದಷ್ಟೂ ಶ್ರೋತ್ರಿಗಳ ಮನೆಯ ಕಂಬ, ಹೊಸ್ತಿಲು, ಕತ್ತಲು ನಮಗೆ ಹೆಚ್ಚು ಹತ್ತಿರವಾಗುತ್ತವೆ. ವಿಧವೆಯೊಬ್ಬಳು ಕಾಲೇಜಿಗೆ ಹೋಗುವುದು, ಮತ್ತೆ ಮದುವೆಯಾಗುವುದು ಕಾದಂಬರಿಯಲ್ಲಿ ಒಂದು ಸಮಸ್ಯೆಯಾಗಿ ಚರ್ಚೆಗೆ ಬರುತ್ತದೆ. ಪರದೆಯ ಮೇಲೆ ಅದು ಒಬ್ಬ ಹೆಂಗಸಿನ ಉಸಿರಾಟದ ಪ್ರಶ್ನೆ. ಇಬ್ಬರಿಗೂ ಆ ವರ್ಷದ ಅತ್ಯುತ್ತಮ ನಿರ್ದೇಶನದ ರಾಷ್ಟ್ರಪ್ರಶಸ್ತಿ ಬಂತು.

ಇಲ್ಲಿ ನಮ್ಮ ತಲೆಮಾರಿನವರು ತುಸು ನಿಂತು ನೋಡಬೇಕಾದ ಒಂದು ಸಂಗತಿಯಿದೆ. ಭೈರಪ್ಪನವರೂ ಕಾರ್ನಾಡರೂ ವಿಚಾರದಲ್ಲಿ ಒಂದೇ ದಂಡೆಯವರಲ್ಲ. 2006ರಲ್ಲಿ ಟಿಪ್ಪು ಸುಲ್ತಾನನ ಬಗ್ಗೆ ನಡೆದ ವಾಗ್ವಾದದಲ್ಲಿ ಪತ್ರಿಕೆಯ ಪುಟಗಳಲ್ಲೇ ಎದುರುಬದುರಾದರು. ಆದರೂ ಆ ಲೇಖಕನ ಎರಡು ಕಾದಂಬರಿಗಳನ್ನು ಕಾರ್ನಾಡ ಸಿನಿಮಾ ಮಾಡಿದ್ದರು. ಒಪ್ಪದವರ ಪುಸ್ತಕವನ್ನು ಗೇಲಿ ಮಾಡದೆ, ಶರಣಾಗದೆ, ಅದರ ಒಳಗಿನ ಸಂಕಟ ಯಾರದು ಎಂದು ಹುಡುಕಿ ಆ ಕಡೆ ಕ್ಯಾಮೆರಾ ತಿರುಗಿಸುವುದು ಸಣ್ಣ ಕೆಲಸವಲ್ಲ. ಲೇಖಕನ ಹೆಸರು ನೋಡಿಯೇ ಪುಸ್ತಕ ಮುಚ್ಚಿಡುವ ಅಭ್ಯಾಸ ನಮ್ಮ ಹಾಸ್ಟೆಲ್ಲುಗಳಲ್ಲಿ ಎರಡೂ ಕಡೆಯವರಿಗೆ ಇದೆ.

‘ಕಾಡು’ ನನಗೆ ಅವರ ಅತ್ಯುತ್ತಮ ಚಿತ್ರ. ಎರಡು ಊರುಗಳ ಹಗೆ, ಗೌಡನೊಬ್ಬ ಪಕ್ಕದ ಊರಿನ ಹೆಣ್ಣಿನ ಬಳಿ ಹೋಗುವುದು, ಮನೆಯಲ್ಲಿ ಹೆಂಡತಿ ಒಳಗೊಳಗೇ ಬೇಯುವುದು. ಇಷ್ಟನ್ನೇ ಹೇಳಿದರೆ ಹಳ್ಳಿಯ ಜಗಳದ ಕಥೆ. ಆದರೆ ಆಲನಹಳ್ಳಿಯವರು ಇದನ್ನೆಲ್ಲ ಕಿಟ್ಟಿ ಎಂಬ ಹುಡುಗನ ಕಣ್ಣಿನಿಂದ ಬರೆದಿದ್ದಾರೆ. ಗೋವಿಂದ ನಿಹಲಾನಿಯವರ ಕ್ಯಾಮೆರಾ ಆ ಕಣ್ಣೆತ್ತರಕ್ಕೆ ಇಳಿದು ನಿಲ್ಲುತ್ತದೆ. ಹಿರಿಯರು ಅರ್ಧ ಹೇಳಿ ನಿಲ್ಲಿಸುವ ಮಾತು, ಮುಚ್ಚಿದ ಬಾಗಿಲು, ಕಾಡಿನೊಳಗೆ ಹೆಸರು ಹಿಡಿದು ಕರೆಯುವ ಹಕ್ಕಿಯ ಭಯ, ಎಲ್ಲವೂ ಹುಡುಗನಿಗೆ ಎಷ್ಟು ಗೊತ್ತೋ ನಮಗೂ ಅಷ್ಟೇ ಗೊತ್ತು. ಅಮರೀಶ್ ಪುರಿ, ಲೋಕೇಶ್ ಅವರಂಥ ದೊಡ್ಡ ನಟರಿದ್ದೂ ನೆನಪಿನಲ್ಲಿ ಉಳಿಯುವುದು ಹುಡುಗ ಜಿ.ಎಸ್. ನಟರಾಜ್ ಮತ್ತು ಹೆಂಡತಿಯ ಪಾತ್ರದ ನಂದಿನಿ ಭಕ್ತವತ್ಸಲ. ಇಬ್ಬರಿಗೂ ರಾಷ್ಟ್ರಪ್ರಶಸ್ತಿ ಬಂದದ್ದು ಸರಿಯಾಗಿಯೇ ಇದೆ. ಇಂಗ್ಲೆಂಡಿನ ಕೆನ್ ಲೋಚ್ 1969ರಲ್ಲಿ ಬ್ಯಾರಿ ಹೈನ್ಸ್‌ನ ಕಾದಂಬರಿಯಿಂದ ‘ಕೆಸ್’ ಮಾಡಿದ್ದನ್ನು ನೋಡಿದವರಿಗೆ ‘ಕಾಡು’ವಿನ ಜೊತೆ ಅದೂ ನೆನಪಾದೀತು. ಅಲ್ಲೂ ಒಬ್ಬ ಹುಡುಗ, ಒಂದು ಹಕ್ಕಿ, ಸುತ್ತ ಹಿರಿಯರ ಒರಟು ಲೋಕ.

ಲೋಚ್ ಹೆಸರು ಸುಮ್ಮನೆ ತರಲಿಲ್ಲ. ಅವರು ಬಿಬಿಸಿ ಟಿವಿಯಲ್ಲಿ ಪಳಗಿ ಸಿನಿಮಾಕ್ಕೆ ಬಂದವರು. 1966ರ ‘ಕ್ಯಾಥಿ ಕಮ್ ಹೋಮ್’ ಟಿವಿಗೆ ಮಾಡಿದ ನಾಟಕ. ಆದರೂ ಅವರ ಬಗ್ಗೆ ಬರೆಯುವವರು ಅದನ್ನು ಬಿಟ್ಟು ಮುಂದೆ ಹೋಗುವುದಿಲ್ಲ. ಬ್ರಿಟನ್ನಿನಲ್ಲಿ ನಿರ್ದೇಶಕನ ಟಿವಿ ಕೆಲಸವೂ ಸಿನಿಮಾ ಕೆಲಸವೂ ಒಂದೇ ಜೀವನದ ಎರಡು ಕೋಣೆಗಳು. ಕಾರ್ನಾಡ ಆ ದೇಶವನ್ನು ಚೆನ್ನಾಗಿ ಬಲ್ಲವರು. 1960ರಿಂದ 63ರವರೆಗೆ ಆಕ್ಸ್‌ಫರ್ಡ್‌ನಲ್ಲಿ ಓದಿದರು, 2000ದಿಂದ 2003ರವರೆಗೆ ಲಂಡನ್ನಿನ ನೆಹರೂ ಸೆಂಟರ್ ನಡೆಸಿದರು. ನಮ್ಮಲ್ಲಿ ಮಾತ್ರ ಟಿವಿಗೆ ಮಾಡಿದ್ದು, ಸಾಕ್ಷ್ಯಚಿತ್ರ ಮಾಡಿದ್ದು ಬಯೋಡೇಟಾದ ಕೊನೆಯ ಸಾಲಿಗೆ ಹೋಗುತ್ತದೆ. ‘ಕನಕ ಪುರಂದರ’ಕ್ಕೆ ಸ್ವರ್ಣಕಮಲ ಬಂದದ್ದನ್ನು ಎಂ.ಎ. ವಿದ್ಯಾರ್ಥಿಗಳಿಗೆ ಹೇಳಿದರೆ ಹೌದಾ ಎನ್ನುತ್ತಾರೆ. ಕುರ್ತಕೋಟಿಯವರ ‘ಮನಿ’ ಹಿಂದಿಯಲ್ಲಿ ‘ಘರ್’ ಆದಾಗ ಏನಾಯಿತು ಎಂಬುದು ಧಾರವಾಡದವರಿಗೆ ಬಹಳ ಮುಖ್ಯವಾದ ಪ್ರಶ್ನೆ. ಮನೆ ಬೇರೆ, ಮನಿ ಬೇರೆ ಎಂದು ಇಲ್ಲಿನ ಯಾರನ್ನು ಕೇಳಿದರೂ ಹೇಳುತ್ತಾರೆ.

ಬೇಂದ್ರೆ ಸಾಕ್ಷ್ಯಚಿತ್ರದ ಬಗ್ಗೆ ಒಂದು ಮಾತು. 1972ರಲ್ಲಿ ಬೇಂದ್ರೆಯವರಿಗೆ ಎಪ್ಪತ್ತಾರು. ‘ನಾಕುತಂತಿ’ಗೆ ಜ್ಞಾನಪೀಠ ಇನ್ನೂ ಬಂದಿರಲಿಲ್ಲ. ಅಂದರೆ ದೇಶ ಗುರುತಿಸಿದ ಮೇಲೆ ಓಡಿಬಂದು ಮಾಡಿದ ಚಿತ್ರವಲ್ಲ ಇದು. ಇದೇ ಊರಿನಲ್ಲಿ ಬೆಳೆದು, ಕರ್ನಾಟಕ ಕಾಲೇಜಿನಲ್ಲಿ ಗಣಿತ ಓದಿ, ಹೊರಗೆ ಹೋಗಿ ಬಂದ ಮೂವತ್ತನಾಲ್ಕರ ತರುಣನೊಬ್ಬ ತನ್ನ ಊರಿನ ಕವಿಯ ಎದುರು ಕ್ಯಾಮೆರಾ ಇಟ್ಟದ್ದು. ಇಲ್ಲಿ ನಿರ್ದೇಶಕನಿಗೆ ತಿದ್ದಲು ಕಥೆಯಿಲ್ಲ, ಬದಲಿಸಲು ಅಂತ್ಯವಿಲ್ಲ. ನೋಡುವುದೊಂದೇ ಕೆಲಸ. ಸಾಧನಕೇರಿಯ ದಾರಿಯಲ್ಲಿ ಈಗ ಓಡಾಡುವಾಗ, ಬೇಂದ್ರೆಯವರನ್ನು ನೋಡದ ನಮ್ಮಂಥವರಿಗೆ ಅವರು ಚಲಿಸುವ ಮನುಷ್ಯನಾಗಿ ಸಿಗಲು ಇಂಥವರೊಬ್ಬರು ಸಮಯಕ್ಕೆ ಸರಿಯಾಗಿ ನೋಡಿದ್ದೇ ಕಾರಣ ಅನಿಸುತ್ತದೆ.

‘ಉತ್ಸವ್’ ಬಗ್ಗೆ ಬರೆಯುವಾಗ ನನಗೆ ಸ್ವಲ್ಪ ನಗು ಬರುತ್ತದೆ. ಶಶಿ ಕಪೂರ್ ನಿರ್ಮಾಪಕ, ರೇಖಾ ವಸಂತಸೇನೆ, ಶೇಖರ್ ಸುಮನ್ ಚಾರುದತ್ತ, ಕಳ್ಳನ ಪಾತ್ರದಲ್ಲಿ ನಮ್ಮ ಶಂಕರ್ ನಾಗ್. ಎಲ್ಲರೂ ನೆನಪಿಡುವುದು ರೇಖಾರ ಆಭರಣಗಳನ್ನು. ನನಗೆ ಹತ್ತಿರದ ಪಾತ್ರ ಅಮ್ಜದ್ ಖಾನ್ ಮಾಡಿದ ವಾತ್ಸ್ಯಾಯನ. ಶೂದ್ರಕನ ನಾಟಕದಲ್ಲಿ ಅವನಿಲ್ಲ. ಕಾಮಸೂತ್ರ ಬರೆಯಲು ಗಣಿಕೆಯರ ಮನೆಯಲ್ಲಿ ಕೂತು, ಅವರಿವರ ಕೋಣೆಗಳಲ್ಲಿ ಇಣುಕಿ, ಕಂಡದ್ದನ್ನೆಲ್ಲ ಟಿಪ್ಪಣಿ ಮಾಡಿಕೊಳ್ಳುವ ಮಹಾಶಯ. ಬದುಕು ನಡೆಯುವುದು ಒಳಗೆ, ಅವನು ಬಾಗಿಲಲ್ಲಿ. ಭಾರತೀಯ ಸಿನಿಮಾದಲ್ಲಿ ಸಂಶೋಧನಾ ವಿದ್ಯಾರ್ಥಿಯ ಇಷ್ಟು ನಿಷ್ಠುರವಾದ ಚಿತ್ರ ಇನ್ನೊಂದಿಲ್ಲ!

ಅದಕ್ಕಿಂತ ಮುಖ್ಯ ಕೊನೆ. ‘ಮೃಚ್ಛಕಟಿಕ’ದಲ್ಲಿ ರಾಜ್ಯ ಬದಲಾಗುತ್ತದೆ, ಚಾರುದತ್ತ ಉಳಿಯುತ್ತಾನೆ, ವಸಂತಸೇನೆಗೆ ಅವನ ವಧುವಾಗುವ ಗೌರವ ಸಿಗುತ್ತದೆ. ಮುರಿದದ್ದೆಲ್ಲ ಕೂಡುತ್ತದೆ. ಸಿನಿಮಾದಲ್ಲಿ ರಾಜ್ಯ ಬದಲಾಗುತ್ತದೆ, ಚಾರುದತ್ತ ಉಳಿಯುತ್ತಾನೆ, ಆದರೆ ಅವನು ತನ್ನ ಹೆಂಡತಿಯ ಬಳಿ ಹೋಗುತ್ತಾನೆ. ವಸಂತಸೇನೆ ತನ್ನ ಹಳೆಯ ಮನೆಗೆ ಮರಳುತ್ತಾಳೆ. ಉತ್ಸವ ಮುಗಿದ ಮೇಲೆ ಎಲ್ಲರಿಗೂ ಅವರವರ ಮನೆಯೇ ಗತಿ. ಎರಡು ಸಾವಿರ ವರ್ಷದ ಹತ್ತಿರದ ಕಥೆಯನ್ನು ಅಷ್ಟು ಪ್ರೀತಿಯಿಂದ ಕಟ್ಟಿ, ಕೊನೆಯ ಗಂಟನ್ನು ಮಾತ್ರ ಬಿಚ್ಚಿಬಿಡುತ್ತಾರೆ.

ಈ ಬಿಚ್ಚುವ ಕೈ ‘ಚೆಲುವಿ’ಯಲ್ಲಿ ಇನ್ನೂ ಸ್ಪಷ್ಟವಾಗಿ ಕಾಣುತ್ತದೆ. ಇದು ಹೂವಿನ ಮರವಾಗುವ ಹುಡುಗಿಯ ಕಥೆ. ಒಂದು ಕೊಡ ನೀರು ಸುರಿದರೆ ಮರ, ಇನ್ನೊಂದು ಕೊಡ ಸುರಿದರೆ ಮತ್ತೆ ಹುಡುಗಿ. ಎ.ಕೆ. ರಾಮಾನುಜನ್ ಈ ಕನ್ನಡ ಕಥೆಯನ್ನು ಇಂಗ್ಲಿಷಿಗೆ ಒಯ್ದು ಲೋಕಕ್ಕೆ ಪರಿಚಯಿಸಿದರು. ಅವರು 1950ರ ದಶಕದಲ್ಲಿ ಬೆಳಗಾವಿಯ ಲಿಂಗರಾಜ ಕಾಲೇಜಿನಲ್ಲಿ ಪಾಠ ಮಾಡುತ್ತಿದ್ದಾಗಿನಿಂದ ಕಾರ್ನಾಡರಿಗೆ ಪರಿಚಿತರು. ಕಾರ್ನಾಡ ಇದನ್ನು ಹಿಂದಿಯಲ್ಲಿ ಮಾಡಿದರು. ಚೆಲುವಿಯಾಗಿ ಸೋನಾಲಿ ಕುಲಕರ್ಣಿ, ಅವರ ಮೊದಲ ಚಿತ್ರ. 1992ರ ಪರಿಸರ ಸಂರಕ್ಷಣೆ ವಿಭಾಗದ ರಾಷ್ಟ್ರಪ್ರಶಸ್ತಿ ಇದಕ್ಕೆ ಬಂತು.

ಅಂತರ್ಜಾಲದಲ್ಲಿ ಸಿಕ್ಕ ಮಸುಕಾದ ಪ್ರತಿಯೊಂದನ್ನು ಲ್ಯಾಪ್‌ಟಾಪಿನಲ್ಲಿ ಹಾಕಿ ಹೋದ ವರ್ಷ ನಮ್ಮ ಆಯಿಗೆ ತೋರಿಸಿದೆ. ಆಯಿ ಅಂದರೆ ಅವ್ವನ ಅವ್ವ. ಎಂಬತ್ತು ದಾಟಿದೆ. ಹಿಂದಿ ಬರುವುದಿಲ್ಲ, ಮಾತು ನಾನು ಬಿಡಿಸಿ ಹೇಳುತ್ತಿದ್ದೆ. ಕೊಡ ಬಂದ ಕೂಡಲೇ ಆಯಿ ನನ್ನ ಬಾಯಿ ಮುಚ್ಚಿಸಿದರು. “ಗೊತ್ತೈತಿ ಬಿಡವಾ, ನಮ್ಮ ಕತಿ ಇದು.” ಅಲ್ಲಿಂದ ಮುಂದೆ ನಾನೇ ಅವರ ಬಾಯಿ ನೋಡುತ್ತ ಕೂತೆ. ಉಗುರು ತಾಗದಂಗ ಹೂವು ಬಿಡಿಸಬೇಕು ಎಂಬುದನ್ನು ಪರದೆಗಿಂತ ಮೊದಲೇ ಅವರು ಹೇಳಿದರು. ನಾದಿನಿ ಮತ್ತು ಗೆಳತಿಯರು ಮರದ ಟೊಂಗೆ ಮುರಿಯುವಾಗ ಮುಖ ಆಚೆ ತಿರುಗಿಸಿದರು.

ಜನಪದ ಕಥೆಯಲ್ಲಿ ಹುಡುಗಿ ಅರ್ಧ ಮೈ ಮರವಾಗಿಯೇ ಉಳಿದು, ಊರೂರು ಅಲೆದು, ಕೊನೆಗೆ ಗಂಡನ ಕೈ ಸೇರಿ ಮತ್ತೆ ಇಡಿಯಾಗುತ್ತಾಳೆ. ಸಿನಿಮಾದಲ್ಲಿ ಮುರಿದ ಟೊಂಗೆಗಳನ್ನು ಕೂಡಿಸಿದರೆ ಅವಳು ಉಳಿಯುತ್ತಾಳೆ ಎಂದು ಗಂಡ ಕಾಡಿಗೆ ಹೋಗುತ್ತಾನೆ. ಅಲ್ಲಿ ಕಾಡೇ ಇಲ್ಲ, ಕಡಿದು ಒಯ್ದಿದ್ದಾರೆ. ಸಿನಿಮಾ ಅಲ್ಲಿಗೆ ಮುಗಿಯುತ್ತದೆ.

“ಇದೇನ ಬೇ, ಇಲ್ಲಿಗೇ ಬಿಟ್ರೇನು?” ಆಯಿ ಕೇಳಿದರು. “ನಮ್ಮ ಕತಿಯೊಳಗ ಹಿಂಗಿಲ್ಲ. ಮುರದದ್ದನ್ನ ಕೂಡಸ್ತಾನ. ಎರಡನೇ ಕೊಡ ನೀರ ಬಿದ್ದ ಕೂಡ್ಲೆ ಎದ್ದು ಕುಂದರತಾಳ.”

“ಅಡವಿನ ಕಡದಾರಲ್ಲ ಆಯಿ, ಟೊಂಗಿ ಎಲ್ಲಿಂದ ತರ್ತಾನ?”

ಆಯಿ ಸ್ವಲ್ಪ ಹೊತ್ತು ಸುಮ್ಮನಿದ್ದರು. “ಅದೂ ಖರೇನ. ಈಗ ಅಡವಿ ಎಲ್ಲೈತಿ.” ಆಮೇಲೆ ಸೆರಗಿನಿಂದ ಕಣ್ಣೊರೆಸಿಕೊಂಡು, “ಆದ್ರ ಹುಡುಗೂರಿಗೆ ಹೇಳೂವಾಗ ಕೂಡಸಾಕ ಬೇಕವಾ. ಅವರು ಕಂಡದ್ದು ಅವರು ಹೇಳ್ಯಾರ. ನಾ ಹೇಳೂದು ಬ್ಯಾರೆ” ಎಂದರು.

ನಾನು ಓದಿದ ಯಾವ ಸಿದ್ಧಾಂತದ ಪುಸ್ತಕವೂ ರೂಪಾಂತರವನ್ನು ಇಷ್ಟು ಚಿಕ್ಕದಾಗಿ ಹೇಳಿಲ್ಲ. ಆಯಿ ತನ್ನ ಕಥೆ ಕೆಟ್ಟಿತು ಎನ್ನಲಿಲ್ಲ. ತನ್ನದೇ ಮೂಲ, ಅದು ನಕಲು ಎಂದೂ ಹೇಳಲಿಲ್ಲ. ಈ ಕಥೆಯನ್ನು ಆಯಿಗೆ ಅವರ ಅತ್ತೆಯೊಬ್ಬರು ಹೇಳಿದ್ದಂತೆ, ಆ ಅತ್ತೆಗೆ ಇನ್ಯಾರೋ. ಯಾರದೂ ಅಲ್ಲದ ಕಥೆ ಹೇಳುವವರ ಹೊಣೆ ಮಾತ್ರ ಅವರವರದು. ಮಕ್ಕಳಿಗೆ ಹೇಳುವವರು ಕೂಡಿಸುತ್ತಾರೆ. ಕಡಿದ ಕಾಡು ಕಂಡವರು ಹಾಗೇ ಬಿಡುತ್ತಾರೆ. ಕಾರ್ನಾಡರ ನಿರ್ದೇಶನದ ಮೂವತ್ತೈದು ವರ್ಷಗಳಲ್ಲಿ ನಾನು ಹುಡುಕುತ್ತಿದ್ದ ‘ಅವರದು’ ಇದೇ ಇರಬೇಕು. ಪುಸ್ತಕವನ್ನು ಕೊನೆಯವರೆಗೆ ಗೌರವದಿಂದ ಓದುವುದು, ಓದಿದ ಮೇಲೆ ಈ ಕೊನೆ ಇವತ್ತಿಗೆ ನಿಜವೇ ಎಂದು ಕೇಳುವುದು, ನಿಜವಲ್ಲ ಅನಿಸಿದರೆ ಸಮಾಧಾನ ಹೇಳದೆ ಇರುವುದು. ‘ಕಾನೂರು ಹೆಗ್ಗಡಿತಿ’ಗೆ ಬರುವ ಹೊತ್ತಿಗೆ 1936ರ ಆ ದೊಡ್ಡ ಕಾದಂಬರಿಯ ಕಾಡು, ಜನಜಂಗುಳಿಯ ನಡುವೆ ಅವರು ಸುಬ್ಬಮ್ಮನನ್ನು ಹಿಡಿದುಕೊಂಡರು. ಅವಳನ್ನು ಮದುವೆಯಾಗುವ ಮುದಿ ಚಂದ್ರಯ್ಯಗೌಡನ ಪಾತ್ರವನ್ನು ತಾವೇ ಮಾಡಿದರು. ಯಾರ ಮೇಲೆ ಪ್ರೇಕ್ಷಕರಿಗೆ ಸಿಟ್ಟು ಬರಬೇಕೋ ಆ ಮುಖ ತನ್ನದಾಗಿರಲಿ ಎಂಬ ಓದು ಅದು.

ಪ್ರಬಂಧದ ನಾಲ್ಕನೇ ಅಧ್ಯಾಯದಲ್ಲಿ ಈಗ ‘ಚೆಲುವಿ’ಯ ಮೂರು ಅಂತ್ಯಗಳಿವೆ: ರಾಮಾನುಜನ್‌ರದು, ಕಾರ್ನಾಡರದು, ಹೆಬ್ಬಳ್ಳಿಯ ನಮ್ಮ ಆಯಿಯದು. ಆಯಿ ಹೇಳಿದ್ದನ್ನು ಮೊಬೈಲಿನಲ್ಲಿ ಧ್ವನಿಮುದ್ರಿಸಿ, ಧಾರವಾಡದ ಕನ್ನಡದಲ್ಲೇ ಬರೆದಿಟ್ಟು ಅನುಬಂಧಕ್ಕೆ ಸೇರಿಸಿದ್ದೇನೆ. ಹಿಂದಿನ ವಾರ ಮಾವನಿಗೆ ಅದನ್ನು ಓದಿ ಹೇಳಿದೆ. ಪೂರ್ತಿ ಕೇಳಿ, “ಇದನ್ನ ನಮ್ಮವ್ವ ನನಗೂ ಹೇಳಿದ್ಲು, ಆದ್ರ ಆಕಿ ಹೇಳೂವಾಗ ರಾಜಾ ಇದ್ದ” ಎಂದು ನಾಲ್ಕನೆಯದನ್ನು ಶುರು ಮಾಡಿದರು.

ಇವುಗಳನ್ನು ನೋಡಬೇಕು ಅನ್ನುವ ವಿದ್ಯಾರ್ಥಿಗಳಿಗೆ ನನ್ನದೊಂದು ಸಲಹೆ. ‘ಕಾಡು’ವಿನಿಂದ ಶುರು ಮಾಡಿ. ಕಾದಂಬರಿ ಚಿಕ್ಕದು, ಒಂದು ಸಂಜೆಗೆ ಓದಿ ಮುಗಿಯುತ್ತದೆ. ಮೊದಲು ಅದನ್ನು ಓದಿ, ಒಂದು ರಾತ್ರಿ ಬಿಟ್ಟು ಸಿನಿಮಾ ನೋಡಿ. ಆ ರಾತ್ರಿಯಲ್ಲಿ ಕಿಟ್ಟಿಯ ಕಾಡು ನಿಮ್ಮ ತಲೆಯಲ್ಲಿ ಹೇಗಿತ್ತು ಎಂದು ಒಂದು ಪುಟ ಬರೆದಿಟ್ಟುಕೊಂಡರೆ ಇನ್ನೂ ಒಳ್ಳೆಯದು. ಮರುದಿನ ಪರದೆಯ ಮೇಲೆ ಬೇರೊಬ್ಬರ ಕಾಡು ಕಾಣುವಾಗ ಆ ಪುಟ ಕೈಯಲ್ಲಿರಲಿ.